ಉರಿದದ್ದು ಎಲ್ಲಿಗೆ ಹೋಗುತ್ತದೆ?

1856ರಲ್ಲಿ ಅಮೆರಿಕದ ಯೂನಿಸ್ ಫೂಟ್ ಎಂಬ ಮಹಿಳೆ ಎರಡು ಗಾಜಿನ ಕೊಳವೆಗಳನ್ನು ಬಿಸಿಲಿಗಿಟ್ಟರು. ಎರಡರೊಳಗೂ ಥರ್ಮಾಮೀಟರ್ ಇತ್ತು. ಒಂದರಲ್ಲಿ ನಾವು ಉಸಿರಾಡುವ ಸಾಮಾನ್ಯ ಗಾಳಿ, ಇನ್ನೊಂದರಲ್ಲಿ ಇಂಗಾಲದ ಡೈಆಕ್ಸೈಡ್. ಎರಡನೆಯ ಕೊಳವೆ ಹೆಚ್ಚು ಕಾಯಿತು. ಬಿಸಿಲಿನಿಂದ ತೆಗೆದ ಮೇಲೂ ಅದು ತಣ್ಣಗಾಗಲು ಮೊದಲನೆಯದಕ್ಕಿಂತ ಎಷ್ಟೋ ಪಟ್ಟು ಹೊತ್ತು ಹಿಡಿಯಿತು. ಈ ಅನಿಲ ತುಂಬಿದ ವಾತಾವರಣ ಭೂಮಿಯನ್ನು ಬಿಸಿಯಾಗಿಸುತ್ತದೆ ಎಂದು ಫೂಟ್ ಬರೆದರು. ವಿಜ್ಞಾನಿಗಳ ಸಭೆಯಲ್ಲಿ ಆ ಪ್ರಬಂಧವನ್ನು ಓದಿದವರು ಅವರಲ್ಲ, ಜೋಸೆಫ್ ಹೆನ್ರಿ ಎಂಬ ಹೆಸರಾಂತ ಭೌತವಿಜ್ಞಾನಿ. ಆಮೇಲೆ ಸುಮಾರು ನೂರೈವತ್ತು ವರ್ಷ ಫೂಟ್ ಹೆಸರು ಹೆಚ್ಚುಕಡಿಮೆ ಮರೆತೇಹೋಗಿತ್ತು.

ಮೂರು ವರ್ಷ ಕಳೆದು 1859 ಬಂತು. ಲಂಡನ್ನಿನಲ್ಲಿ ಭೌತವಿಜ್ಞಾನಿ ಜಾನ್ ಟಿಂಡಲ್ ಅದೇ ವಿಷಯವನ್ನು ಇನ್ನಷ್ಟು ಕರಾರುವಾಕ್ಕಾಗಿ ಪರೀಕ್ಷಿಸಿ, ನೀರಾವಿ ಮತ್ತು ಇಂಗಾಲದ ಡೈಆಕ್ಸೈಡ್ ಶಾಖದ ಕಿರಣಗಳನ್ನು ಹೀರಿಕೊಳ್ಳುತ್ತವೆ ಎಂಬುದನ್ನು ತೋರಿಸಿದರು. ಅದೇ ವರ್ಷದ ಆಗಸ್ಟ್‌ನಲ್ಲಿ ಪೆನ್ಸಿಲ್ವೇನಿಯಾದ ಟೈಟಸ್‌ವಿಲ್‌ನಲ್ಲಿ ಎಡ್ವಿನ್ ಡ್ರೇಕ್ ಕೊರೆಸಿದ ಬಾವಿಯಲ್ಲಿ ಸುಮಾರು 70 ಅಡಿ ಆಳಕ್ಕೆ ಕಚ್ಚಾ ತೈಲ ಸಿಕ್ಕಿತು. ಎಚ್ಚರಿಕೆಯ ವಿಜ್ಞಾನವೂ ತೈಲದ ಯುಗವೂ ಒಂದೇ ವರ್ಷ ಕಣ್ಣುಬಿಟ್ಟವು. ಜಗತ್ತು ಓಡಿದ್ದು ಬಾವಿಯ ಕಡೆಗೆ.

ಇಂಧನದ ಚರಿತ್ರೆಯನ್ನು ಓದುತ್ತಾ ಹೋದರೆ ಮನುಷ್ಯ ಎರಡು ಪ್ರಶ್ನೆಗಳನ್ನು ಕೇಳಿಕೊಂಡಿರುವುದು ಕಾಣುತ್ತದೆ. ‘ಇದು ಎಷ್ಟು ದಿನ ಬರುತ್ತದೆ?’ ಎಂಬುದು ಮೊದಲನೆಯದು. ‘ಉರಿದದ್ದು ಎಲ್ಲಿಗೆ ಹೋಗುತ್ತದೆ?’ ಎಂಬುದು ಎರಡನೆಯದು. ನವೀಕರಿಸಬಹುದಾದ ಇಂಧನ, ನವೀಕರಿಸಲಾಗದ ಇಂಧನ ಎಂದು ನಾವು ಶಾಲೆಯಲ್ಲಿ ಕಲಿತ ವಿಂಗಡಣೆ ಮೊದಲನೆಯ ಪ್ರಶ್ನೆಯ ಕೂಸು. ಬಿಸಿಲು, ಗಾಳಿ, ಹರಿಯುವ ನೀರು ದಿನದಿನದ ಗಳಿಕೆ. ಕಲ್ಲಿದ್ದಲು, ತೈಲ, ನೈಸರ್ಗಿಕ ಅನಿಲ ಪಿತ್ರಾರ್ಜಿತ ಗಂಟು. ಇಂದು ಅಗೆಯುವ ಕಲ್ಲಿದ್ದಲಿನಲ್ಲಿ ಬಹಳಷ್ಟು 30 ಕೋಟಿ ವರ್ಷಗಳಷ್ಟು ಹಿಂದೆ ಜೌಗು ಕಾಡುಗಳಲ್ಲಿ ಹೂತುಹೋದ ಗಿಡಮರ. ಕೂತು ತಿನ್ನುವವನಿಗೆ ಕುಡಿಕೆ ಹೊನ್ನು ಸಾಲದು ಎಂಬ ಗಾದೆ ಇಲ್ಲಿಗೆ ಚೆನ್ನಾಗಿ ಹೊಂದುತ್ತದೆ. ಆದರೆ ಈ ವಿಂಗಡಣೆ ಹೊಗೆಯ ಬಗ್ಗೆ ಒಂದು ಮಾತನ್ನೂ ಹೇಳುವುದಿಲ್ಲ. ಅನೇಕ ಗೊಂದಲಗಳ ಬೇರು ಅಲ್ಲಿದೆ.

ಕಲ್ಲಿದ್ದಲು ಮೇಲೆದ್ದು ಬಂದದ್ದೂ ಒಂದು ಕೊರತೆಯಿಂದಲೇ. ಇಂಗ್ಲೆಂಡಿನಲ್ಲಿ ಸೌದೆ ದುಬಾರಿಯಾದಂತೆ ಜನ ನೆಲದೊಳಗಿನ ಕಪ್ಪು ಕಲ್ಲಿನ ಕಡೆ ತಿರುಗಿದರು. ಗಣಿ ಆಳವಾದಷ್ಟೂ ನೀರು ತುಂಬುತ್ತಿತ್ತು. ಆ ನೀರನ್ನು ಎತ್ತಲೆಂದು ಥಾಮಸ್ ನ್ಯೂಕಾಮೆನ್ 1712ರಲ್ಲಿ ಉಗಿಯಂತ್ರವೊಂದನ್ನು ನಿಲ್ಲಿಸಿದರು. ಅದು ಉರಿಸುತ್ತಿದ್ದುದು ಕಲ್ಲಿದ್ದಲು, ಮಾಡುತ್ತಿದ್ದ ಕೆಲಸ ಇನ್ನಷ್ಟು ಕಲ್ಲಿದ್ದಲಿಗೆ ದಾರಿ. ಭಾರಿ ಹೊಟ್ಟೆಬಾಕ ಯಂತ್ರವಾಗಿದ್ದರೂ ಗಣಿಯ ಬಾಯಲ್ಲೇ ನಿಂತಿದ್ದರಿಂದ ಯಾರಿಗೂ ಅದು ಹೊರೆಯೆನಿಸಲಿಲ್ಲ. 1769ರಲ್ಲಿ ಜೇಮ್ಸ್ ವಾಟ್ ಅದರ ಹಸಿವನ್ನು ತಗ್ಗಿಸುವ ಸುಧಾರಣೆಗೆ ಪೇಟೆಂಟ್ ಪಡೆದರು.

ಹಸಿವು ತಗ್ಗಿದರೆ ಬಳಕೆಯೂ ತಗ್ಗಬೇಕಲ್ಲವೇ? ಹಾಗಾಗಲಿಲ್ಲ. ಯಂತ್ರ ಮಿತವ್ಯಯಿಯಾದಂತೆ ಅದನ್ನು ಇಟ್ಟುಕೊಳ್ಳಬಲ್ಲವರ ಸಂಖ್ಯೆ ಬೆಳೆದು ಒಟ್ಟು ಬಳಕೆ ಏರುತ್ತದೆ ಎಂದು 1865ರಲ್ಲಿ ಅರ್ಥಶಾಸ್ತ್ರಜ್ಞ ವಿಲಿಯಂ ಸ್ಟ್ಯಾನ್ಲಿ ಜೆವನ್ಸ್ ತೋರಿಸಿಕೊಟ್ಟರು. ಜೆವನ್ಸ್ ಅವರ ಆತಂಕವೆಲ್ಲ ಬ್ರಿಟನ್ನಿನ ಕಲ್ಲಿದ್ದಲು ಕೈಗೆಟುಕದಂತಾಗುತ್ತದೆ ಎಂಬುದಾಗಿತ್ತು. ತೊಂಬತ್ತು ವರ್ಷಗಳ ಮೇಲೆ, 1956ರಲ್ಲಿ, ಭೂವಿಜ್ಞಾನಿ ಕಿಂಗ್ ಹಬರ್ಟ್ ಅಮೆರಿಕದ ತೈಲ ಉತ್ಪಾದನೆ 1970ರ ಸುಮಾರಿಗೆ ಶಿಖರ ಮುಟ್ಟಿ ಇಳಿಯುತ್ತದೆಂದು ಲೆಕ್ಕ ಹಾಕಿದರು. 1970ರಲ್ಲಿ ಅದು ಇಳಿಯಲು ತೊಡಗಿತು. ಮುಂದೆ ಶಿಲೆಯನ್ನು ಸೀಳಿ ತೈಲ ತೆಗೆಯುವ ವಿಧಾನ ಬಂದು, 2018ರ ಹೊತ್ತಿಗೆ ಉತ್ಪಾದನೆ ಹಳೆಯ ಶಿಖರವನ್ನೇ ದಾಟಿತು. ಮುಗಿಯುತ್ತದೆ ಎಂಬ ಭಯ ಪ್ರತಿ ಬಾರಿಯೂ ಇನ್ನೂ ಆಳಕ್ಕೆ ಅಗೆಯುವ ಜಾಣತನವನ್ನು ಹುಟ್ಟಿಸಿದೆ. ಇಂಧನವನ್ನು ಮುಗಿಯದಂತೆ ನೋಡಿಕೊಳ್ಳುವುದರಲ್ಲಿ ನಾವು ಪಳಗಿದ್ದೇವೆ. ಸಂಕಟ ಬಂದಿರುವುದು ಆ ಗೆಲುವಿನಿಂದಲೇ.

ಸೌರಶಕ್ತಿ, ಪವನಶಕ್ತಿಗಳನ್ನು ನಿನ್ನೆ ಮೊನ್ನೆಯ ಆವಿಷ್ಕಾರಗಳೆಂದು ಭಾವಿಸುವವರು ಬಹಳ. 1878ರ ಪ್ಯಾರಿಸ್ ಪ್ರದರ್ಶನದಲ್ಲಿ ಆಗಸ್ಟಿನ್ ಮೂಶೋ ಎಂಬ ಗಣಿತದ ಅಧ್ಯಾಪಕರು ದೊಡ್ಡ ಕನ್ನಡಿಯಿಂದ ಬಿಸಿಲನ್ನು ಒಟ್ಟುಗೂಡಿಸಿ, ಆ ಶಾಖದಿಂದ ಮಂಜುಗಡ್ಡೆ ತಯಾರಿಸಿ ತೋರಿಸಿದ್ದರು. ಬಿಸಿಲಿನಿಂದ ಮಂಜುಗಡ್ಡೆ! ಕಲ್ಲಿದ್ದಲು ಅಗ್ಗವಾಗಿದ್ದರಿಂದ ಸರ್ಕಾರದ ಆಸಕ್ತಿ ಆರಿತು. 1887ರಲ್ಲಿ ಸ್ಕಾಟ್ಲೆಂಡಿನ ಜೇಮ್ಸ್ ಬ್ಲೈತ್ ಮೇರಿಕರ್ಕ್ ಎಂಬ ಹಳ್ಳಿಯ ತಮ್ಮ ಮನೆಯ ಕೈತೋಟದಲ್ಲಿ ಬಟ್ಟೆಯ ರೆಕ್ಕೆಗಳ ಗಾಳಿಯಂತ್ರ ನಿಲ್ಲಿಸಿ, ಬ್ಯಾಟರಿ ತುಂಬಿಸಿ, ಮನೆಗೆ ವಿದ್ಯುದ್ದೀಪ ಹಾಕಿಕೊಂಡರು. ಮಿಕ್ಕ ವಿದ್ಯುತ್ತಿನಿಂದ ಹಳ್ಳಿಯ ಬೀದಿಯನ್ನು ಬೆಳಗಿಸುತ್ತೇನೆಂದರೆ ಹಳ್ಳಿಯವರು ಇದು ಸೈತಾನನ ಕೆಲಸವೆಂದು ಬೇಡವೆಂದರಂತೆ. 1913ರಲ್ಲಿ ಕೈರೋ ಸಮೀಪದ ಮಆದಿಯಲ್ಲಿ ಫ್ರಾಂಕ್ ಶುಮನ್ ದೋಣಿಯಾಕಾರದ ಉದ್ದನೆಯ ಕನ್ನಡಿಗಳ ಸಾಲು ಹೂಡಿ, ಬಿಸಿಲಿನ ಶಾಖದಿಂದ ಉಗಿ ಹುಟ್ಟಿಸಿ ನೈಲ್ ನದಿಯ ನೀರನ್ನು ಹೊಲಗಳಿಗೆ ಎತ್ತಿದರು. ಮರುವರ್ಷ ಮಹಾಯುದ್ಧ ಶುರುವಾಯಿತು. ಸ್ಥಾವರ ಉಳಿಯಲಿಲ್ಲ, ಶುಮನ್ 1918ರಲ್ಲಿ ತೀರಿಕೊಂಡರು. ಈ ಮೂವರ ಕೈಯಲ್ಲೂ ಯಂತ್ರ ಸೋಲಲಿಲ್ಲ. ಹೊಗೆಗೆ ಯಾರೂ ಬೆಲೆ ಕಟ್ಟದ ಕಾಲದಲ್ಲಿ ಅವರು ಕಲ್ಲಿದ್ದಲು ಮತ್ತು ತೈಲದ ಜೊತೆ ಪಂದ್ಯಕ್ಕಿಳಿದಿದ್ದರು.

ಹೊಗೆ ತನ್ನ ಲೆಕ್ಕವನ್ನು ತಾನೇ ಒಪ್ಪಿಸಿದ್ದು 1952ರ ಡಿಸೆಂಬರ್ 5ರಿಂದ 9ರವರೆಗೆ. ಲಂಡನ್ ಮೇಲೆ ತಣ್ಣನೆಯ ಗಾಳಿ ಕದಲದೆ ಕೂತಿತ್ತು, ಅದರ ಮೇಲೆ ಬೆಚ್ಚನೆಯ ಗಾಳಿಯ ಮುಚ್ಚಳ. ಚಳಿಗೆ ಮನೆಮನೆಯಲ್ಲಿ ಉರಿಸಿದ ಕಲ್ಲಿದ್ದಲಿನ ಹೊಗೆ, ಸ್ಥಾವರಗಳ ಗಂಧಕದ ಡೈಆಕ್ಸೈಡ್ ಎಲ್ಲವೂ ಮಂಜಿನೊಂದಿಗೆ ಬೆರೆತು ಬೀದಿಯಲ್ಲೇ ಉಳಿದವು. ಆಗ ಹೇಳಿದ ಸಾವಿನ ಲೆಕ್ಕ ಸುಮಾರು 4,000. ನಂತರದ ಅಧ್ಯಯನಗಳು ಅದನ್ನು 12,000ದವರೆಗೆ ಒಯ್ದಿವೆ. 1956ರಲ್ಲಿ ಬ್ರಿಟನ್ ಶುದ್ಧ ಗಾಳಿಯ ಕಾಯ್ದೆ ತಂದಿತು. ನಗರದ ಗಾಳಿ ನಿಧಾನವಾಗಿ ತಿಳಿಯಾಯಿತು. ಆದರೆ ವಿದ್ಯುತ್ ಸ್ಥಾವರಗಳು ಊರಾಚೆ ಸರಿದು ಅವುಗಳ ಚಿಮಣಿಗಳು ಎತ್ತರವಾದವು. ಎತ್ತರದ ಚಿಮಣಿ ಹೊಗೆಯನ್ನು ಇಲ್ಲವಾಗಿಸಲಿಲ್ಲ, ದೂರಕ್ಕೆ ಕಳುಹಿಸಿತು. ನಾರ್ವೆ, ಸ್ವೀಡನ್ನಿನ ಸರೋವರಗಳಲ್ಲಿ ಮೀನು ಸಾಯತೊಡಗಿದವು. 1960ರ ದಶಕದ ಕೊನೆಯಲ್ಲಿ ಸ್ವೀಡನ್ನಿನ ವಿಜ್ಞಾನಿ ಸ್ವಾಂಟೆ ಓಡೆನ್, ಗಂಧಕದ ಹೊಗೆ ಮಳೆನೀರಿನಲ್ಲಿ ಬೆರೆತು ಆಗುವ ಆಮ್ಲಮಳೆಯೇ ಇದಕ್ಕೆ ಕಾರಣ, ಆ ಗಂಧಕ ಪರದೇಶಗಳ ಚಿಮಣಿಯಿಂದ ಬರುತ್ತಿದೆ ಎಂದು ತೋರಿಸಿದರು. ಗಡಿ ದಾಟುವ ವಾಯುಮಾಲಿನ್ಯದ ಕುರಿತು 1979ರಲ್ಲಿ ಜಿನೀವಾದಲ್ಲಿ ಒಪ್ಪಂದವಾಯಿತು, ಮುಂದಿನ ದಶಕಗಳಲ್ಲಿ ಯುರೋಪಿನ ಗಂಧಕದ ಹೊಗೆ ಬಹಳಷ್ಟು ಇಳಿಯಿತು. ಇದನ್ನು ನಾನು ಒತ್ತಿ ಹೇಳಲು ಕಾರಣವಿದೆ. ಮನಸ್ಸು ಮಾಡಿದರೆ ಆಗುತ್ತದೆ ಎಂಬುದಕ್ಕೆ ಇದು ಪುರಾವೆ.

ಗಂಧಕವನ್ನು ಚಿಮಣಿಯಲ್ಲೇ ಸುಣ್ಣದಿಂದ ಹಿಡಿಯಬಹುದು, ಹಾರುಬೂದಿಯನ್ನು ಸೋಸಬಹುದು. ಅವು ಕಲ್ಲಿದ್ದಲಿನೊಳಗಿನ ಕಲ್ಮಶಗಳು. ಇಂಗಾಲದ ಡೈಆಕ್ಸೈಡ್ ಹಾಗಲ್ಲ, ಅದು ಉರಿಯುವಿಕೆಯ ಫಲವೇ. ಒಂದು ಟನ್ ಇಂಗಾಲ ಗಾಳಿಯ ಆಮ್ಲಜನಕದೊಂದಿಗೆ ಕೂಡಿ ಸುಮಾರು 3.7 ಟನ್ ಇಂಗಾಲದ ಡೈಆಕ್ಸೈಡ್ ಆಗುತ್ತದೆ. ನೆಲದಿಂದ ಅಗೆದದ್ದಕ್ಕಿಂತ ಆಕಾಶಕ್ಕೆ ಬಿಟ್ಟದ್ದರ ತೂಕವೇ ಹೆಚ್ಚು. ಅದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ, ಕಣ್ಣುರಿಯಿಲ್ಲ. 1896ರಲ್ಲೇ ಸ್ವೀಡನ್ನಿನ ಇನ್ನೊಬ್ಬ ವಿಜ್ಞಾನಿ ಸ್ವಾಂಟೆ ಅರೇನಿಯಸ್ ಈ ಅನಿಲ ಇಮ್ಮಡಿಯಾದರೆ ಭೂಮಿಯ ಉಷ್ಣತೆ 5–6 ಡಿಗ್ರಿ ಏರುತ್ತದೆಂದು ಕೈಯಿಂದಲೇ ಲೆಕ್ಕ ಮಾಡಿದ್ದರು. ಹಾಗಾಗಲು ಸಾವಿರಾರು ವರ್ಷ ಬೇಕೆಂಬುದು ಅವರ ಅಂದಾಜು. 1958ರ ಮಾರ್ಚ್‌ನಲ್ಲಿ ಚಾರ್ಲ್ಸ್ ಕೀಲಿಂಗ್ ಹವಾಯಿಯ ಮೌನಾ ಲೋವಾ ಪರ್ವತದ ಮೇಲೆ ನಿರಂತರ ಅಳತೆ ಆರಂಭಿಸಿದಾಗ, ಗಾಳಿಯ ಪ್ರತಿ ಹತ್ತು ಲಕ್ಷ ಅಣುಗಳಲ್ಲಿ ಇಂಗಾಲದ ಡೈಆಕ್ಸೈಡ್ ಸುಮಾರು 313 ಇತ್ತು. ಕೈಗಾರಿಕೆಗಳು ಹುಟ್ಟುವ ಮೊದಲು ಅದು 280ರ ಆಸುಪಾಸಿನಲ್ಲಿತ್ತು. ನಾವು ಬಿಡುವುದರಲ್ಲಿ ಅರ್ಧದಷ್ಟನ್ನು ಸಾಗರ ಮತ್ತು ಕಾಡುಗಳು ಹೀರಿಕೊಳ್ಳುತ್ತವೆ. ಸಾಗರ ಅದಕ್ಕಾಗಿ ತನ್ನ ನೀರಿನ ಆಮ್ಲೀಯತೆ ಹೆಚ್ಚಿಸಿಕೊಳ್ಳುತ್ತಿದೆ. ಉಳಿದರ್ಧ ಗಾಳಿಯಲ್ಲಿ ಜಮೆಯಾಗುತ್ತದೆ.

ಇಷ್ಟಾದರೂ ಸೌರ ಮತ್ತು ಪವನಶಕ್ತಿಗೆ ಮರುಜೀವ ಬಂದದ್ದು ಹೊಗೆಯ ಚಿಂತೆಯಿಂದಲ್ಲ, ಹಳೆಯ ಕೊರತೆಯ ಭಯದಿಂದ. 1954ರಲ್ಲಿ ಬೆಲ್ ಪ್ರಯೋಗಾಲಯದ ಮೂವರು ವಿಜ್ಞಾನಿಗಳು ಬಿಸಿಲಿನ ಶೇ 6ರಷ್ಟನ್ನು ವಿದ್ಯುತ್ತಾಗಿಸುವ ಸಿಲಿಕಾನ್ ಕೋಶ ತಯಾರಿಸಿದ್ದರು. ಅದು ಎಷ್ಟು ದುಬಾರಿಯಾಗಿತ್ತೆಂದರೆ ಉಪಗ್ರಹಗಳಿಗೆ ಮಾತ್ರ ಸಲ್ಲುತ್ತಿತ್ತು. 1973ರ ತೈಲ ಬಿಕ್ಕಟ್ಟಿನಲ್ಲಿ ತೈಲದ ಬೆಲೆ ನಾಲ್ಕು ಪಟ್ಟಾದಾಗ ಸರ್ಕಾರಗಳು ಬಿಸಿಲಿನತ್ತ ತಿರುಗಿದವು. ಅಮೆರಿಕದ ಅಧ್ಯಕ್ಷ ಜಿಮ್ಮಿ ಕಾರ್ಟರ್ 1979ರಲ್ಲಿ ಶ್ವೇತಭವನದ ಚಾವಣಿಗೆ ನೀರು ಕಾಯಿಸುವ 32 ಸೌರಫಲಕಗಳನ್ನು ಹಾಕಿಸಿದರು. 1986ರಲ್ಲಿ ತೈಲದ ಬೆಲೆ ಕುಸಿಯಿತು. ಅದೇ ವರ್ಷ ಚಾವಣಿಯ ರಿಪೇರಿಗೆಂದು ಇಳಿಸಿದ ಫಲಕಗಳನ್ನು ಮತ್ತೆ ಮೇಲೇರಿಸಲಿಲ್ಲ. ಕಳೆದುಹೋದ ಆ ವರ್ಷಗಳನ್ನು ನೆನೆದರೆ ಹೊಟ್ಟೆಯುರಿಯುತ್ತದೆ.

1986ರಲ್ಲೇ, ಏಪ್ರಿಲ್ 26ರಂದು, ಆಗಿನ ಸೋವಿಯತ್ ಒಕ್ಕೂಟದ ಚೆರ್ನೊಬಿಲ್ ಪರಮಾಣು ವಿದ್ಯುತ್ ಸ್ಥಾವರ ಸಿಡಿಯಿತು. ಆ ವರ್ಷ ಸುಮಾರು 1,16,000 ಜನ ಮನೆಮಠ ಬಿಟ್ಟು ಹೋಗಬೇಕಾಯಿತು. 2011ರಲ್ಲಿ ಜಪಾನಿನ ಫುಕುಶಿಮಾ ಸ್ಥಾವರದ ಅವಘಡ ಅದೇ ಭಯವನ್ನು ಮರಳಿ ತಂದಿತು. ಪರಮಾಣು ವಿದ್ಯುತ್ತನ್ನು ಶಾಲೆಯ ಪಟ್ಟಿಯಲ್ಲಿ ಎಲ್ಲಿಡಬೇಕೆಂಬುದೇ ಕಷ್ಟ. ಯುರೇನಿಯಂ ಅಗೆದು ತೆಗೆಯುವ ಅದಿರು, ಹಾಗಾಗಿ ನವೀಕರಿಸಲಾಗದ್ದು. ಆದರೆ ಅದು ಹವಾಮಾನಕ್ಕೆ ಮಾಡುವ ಹಾನಿ ಗಾಳಿಯಂತ್ರದಷ್ಟೇ ಕಡಿಮೆ. ಅದರ ತ್ಯಾಜ್ಯವನ್ನು ಮಾತ್ರ ಸಾವಿರಾರು ವರ್ಷ ಕಾಯಬೇಕು.

ಇದಕ್ಕೆ ತದ್ವಿರುದ್ಧ ಉದಾಹರಣೆ ಸೌದೆ. ಮರ ಮತ್ತೆ ಚಿಗುರುತ್ತದೆ, ಸಗಣಿ ಮತ್ತೆ ಸಿಗುತ್ತದೆ. ಪಟ್ಟಿಯ ಪ್ರಕಾರ ಇವೆರಡೂ ನವೀಕರಿಸಬಹುದಾದ ಇಂಧನಗಳೇ. ಆದರೆ ಮುಚ್ಚಿದ ಕೋಣೆಯ ಒಲೆಯ ಹೊಗೆ ಜಗತ್ತಿನಾದ್ಯಂತ ಹೆಂಗಸರ ಮತ್ತು ಮಕ್ಕಳ ಶ್ವಾಸಕೋಶಗಳನ್ನು ತಲೆಮಾರುಗಳಿಂದ ತಿನ್ನುತ್ತಿದೆ. ಪಳೆಯುಳಿಕೆ ಇಂಧನವಾದ ಅಡುಗೆ ಅನಿಲ ಬಂದಾಗ ಆ ಕೋಣೆಯ ಗಾಳಿ ಶುದ್ಧವಾಗುತ್ತದೆ ಎಂಬುದೂ ಸತ್ಯವೇ.

ಜಲವಿದ್ಯುತ್ತಿನ ಕಥೆಯನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. ಬ್ರೆಜಿಲ್ಲಿನ ಅಮೆಜಾನ್ ಕಾಡಿನಲ್ಲಿ ಉವಾಟುಮಾ ನದಿಗೆ ಕಟ್ಟಿದ ಬಾಲ್ಬಿನಾ ಅಣೆಕಟ್ಟೆಯ ಬಾಗಿಲು 1987ರಲ್ಲಿ ಮುಚ್ಚಿತು. ಅಲ್ಲಿನ ನೆಲ ಸಮತಟ್ಟು. ನೀರು ಆಳಕ್ಕೆ ನಿಲ್ಲುವ ಬದಲು ಅಗಲಕ್ಕೆ ಹರಡಿ ಸುಮಾರು 2,360 ಚದರ ಕಿಲೋಮೀಟರ್ ಕಾಡನ್ನು ನುಂಗಿತು. ವೈಮಿರಿ-ಅಟ್ರೋಅರಿ ಮೂಲನಿವಾಸಿಗಳ ನೆಲವೂ ಅದರಲ್ಲಿ ಹೋಯಿತು. ದಿಬ್ಬಗಳ ನೆತ್ತಿಗಳೆಲ್ಲ ದ್ವೀಪಗಳಾದವು. ಕಡಿಯದೆ ಬಿಟ್ಟ ಮರಗಳು ನಿಂತಲ್ಲೇ ಸತ್ತು, ತೊಗಟೆ ಕಳಚಿ, ಬೂದುಬಣ್ಣದ ಕಂಬಗಳಂತೆ ನೀರಿನಿಂದ ತಲೆ ಹೊರಗಿಟ್ಟಿವೆ. ಕೆಳಗೆ, ಆಮ್ಲಜನಕವಿಲ್ಲದ ತಳದಲ್ಲಿ, ಎಲೆ ಮತ್ತು ಕೊಂಬೆಗಳು ಕೊಳೆತು ಮೀಥೇನ್ ಆಗುತ್ತವೆ. ಶಾಖವನ್ನು ಹಿಡಿದಿಡುವುದರಲ್ಲಿ ಅದು ಇಂಗಾಲದ ಡೈಆಕ್ಸೈಡ್‌ಗಿಂತ ಎಷ್ಟೋ ಪಟ್ಟು ಬಲಶಾಲಿ. ಇಷ್ಟೆಲ್ಲ ಕೊಟ್ಟು ಪಡೆದ ಸಾಮರ್ಥ್ಯ 250 ಮೆಗಾವಾಟ್. ಬ್ರೆಜಿಲ್ ಮತ್ತು ಪರಾಗ್ವೆ ಗಡಿಯ ಇಟೈಪು ಜಲಾಶಯ ಇದಕ್ಕಿಂತ ಎಷ್ಟೋ ಚಿಕ್ಕದು, ಅದರ ಸಾಮರ್ಥ್ಯ 14,000 ಮೆಗಾವಾಟ್. ಎರಡೂ ‘ಜಲವಿದ್ಯುತ್’. ಇಂಧನದ ಹೆಸರನ್ನಷ್ಟೇ ಕೇಳಿ ಒಳ್ಳೆಯದು ಕೆಟ್ಟದ್ದು ತೀರ್ಮಾನಿಸುವುದು ಎಷ್ಟು ಅಪಾಯವೆಂಬುದಕ್ಕೆ ನನಗೆ ಬಾಲ್ಬಿನಾಗಿಂತ ದೊಡ್ಡ ಸಾಕ್ಷಿ ಕಂಡಿಲ್ಲ.

ಹಾಗಾದರೆ ಎಲ್ಲವೂ ಒಂದೇ, ಯಾವುದಾದರೇನು ಎನ್ನುವ ವಾದ ಈಗ ಕೇಳಿಬರುತ್ತದೆ. ಸೌರಫಲಕಕ್ಕೂ ಗಣಿ ಬೇಕು, ಬ್ಯಾಟರಿಗೂ ಗಣಿ ಬೇಕು ಎನ್ನುತ್ತಾರೆ. ನಿಜವೇ. ಲಿಥಿಯಂಗಾಗಿ ಚಿಲಿಯ ಅಟಕಾಮ ಮರುಭೂಮಿಯಡಿಯ ಉಪ್ಪುನೀರನ್ನು ಎತ್ತಿ ಬಿಸಿಲಿಗೆ ಒಣಗಿಸುತ್ತಾರೆ. ಕಾಂಗೋದ ಕೋಬಾಲ್ಟ್ ಗಣಿಗಳಲ್ಲಿ ಮಕ್ಕಳು ದುಡಿದದ್ದು ದಾಖಲಾಗಿದೆ. ಗಾಳಿಯಂತ್ರದ ರೆಕ್ಕೆಗಳನ್ನು ಮರುಬಳಕೆ ಮಾಡುವುದು ಕಷ್ಟವಾಗಿ ಎಷ್ಟನ್ನೋ ಹೂಳಲಾಗಿದೆ. ಇವನ್ನೆಲ್ಲ ಮುಚ್ಚಿಡಬಾರದು. ಆದರೆ ತಕ್ಕಡಿಯಲ್ಲಿಟ್ಟು ನೋಡಬೇಕು. ಗಣಿಯಿಂದ ಹಿಡಿದು ಗುಜರಿಯವರೆಗಿನ ಇಡೀ ಆಯುಷ್ಯವನ್ನು ಲೆಕ್ಕ ಹಿಡಿದರೆ, ಒಂದು ಯೂನಿಟ್ ವಿದ್ಯುತ್ತಿಗೆ ಕಲ್ಲಿದ್ದಲು ಸುಮಾರು 820 ಗ್ರಾಂ ಇಂಗಾಲದ ಡೈಆಕ್ಸೈಡ್‌ನಷ್ಟು ಹೊರೆ ಹೊರಿಸುತ್ತದೆ, ನೈಸರ್ಗಿಕ ಅನಿಲ 490, ದೊಡ್ಡ ಸೌರ ಸ್ಥಾವರ 48, ಪರಮಾಣು 12, ನೆಲದ ಮೇಲಿನ ಗಾಳಿಯಂತ್ರ 11 ಗ್ರಾಂ. ವಿಶ್ವಸಂಸ್ಥೆಯ ಹವಾಮಾನ ಸಮಿತಿ 2014ರಲ್ಲಿ ಕೊಟ್ಟ ಮಧ್ಯಮ ಅಂಕಿಗಳಿವು. ಫಲಕಕ್ಕೆಂದು ಒಮ್ಮೆ ಅಗೆದ ಲೋಹ ಇಪ್ಪತ್ತೈದು ವರ್ಷ ದುಡಿಯುತ್ತದೆ, ಕೊನೆಗೂ ಲೋಹವಾಗಿಯೇ ಕೈಗೆ ಸಿಗುತ್ತದೆ. ಕಲ್ಲಿದ್ದಲನ್ನು ಇಂದು ಅಗೆದರೆ ಇಂದೇ ಬೂದಿ, ನಾಳೆ ಮತ್ತೆ ಅಗೆಯಬೇಕು.

ಲಂಡನ್ನಿನ ಹೋಬರ್ನ್‌ನಲ್ಲಿ 1882ರಲ್ಲಿ ಶುರುವಾದ ಬ್ರಿಟನ್ನಿನ ಕಲ್ಲಿದ್ದಲು ವಿದ್ಯುತ್ತಿನ ಕಥೆ 2024ರ ಸೆಪ್ಟೆಂಬರ್ 30ರಂದು ಮುಗಿಯಿತು. ಅಂದು ರಾಟ್‌ಕ್ಲಿಫ್-ಆನ್-ಸೋರ್ ಸ್ಥಾವರದ ಬೆಂಕಿ ಆರಿತು. ನ್ಯೂಕಾಮೆನ್ ಅವರ ನಾಡಿನಲ್ಲೇ ಅದು ಆರಿದ್ದು ಸಣ್ಣ ಸಂಗತಿಯಲ್ಲ. 2025ರ ಮೊದಲ ಆರು ತಿಂಗಳಲ್ಲಿ ಜಗತ್ತಿನ ವಿದ್ಯುತ್ ಉತ್ಪಾದನೆಯಲ್ಲಿ ನವೀಕರಿಸಬಹುದಾದ ಮೂಲಗಳ ಪಾಲು ಕಲ್ಲಿದ್ದಲಿನ ಪಾಲನ್ನು ದಾಟಿತು. ಆದರೆ ಜಗತ್ತು ಅಂತಿಮವಾಗಿ ಬಳಸುವ ಶಕ್ತಿಯಲ್ಲಿ ವಿದ್ಯುತ್ ಐದನೇ ಒಂದು ಭಾಗದಷ್ಟೇ. ವಾಹನ, ಉಕ್ಕು, ಸಿಮೆಂಟ್, ಶಾಖ ಇವೆಲ್ಲ ಇನ್ನೂ ಬಹುಪಾಲು ಉರಿಯುವ ಇಂಧನದ ಮೇಲೇ ನಿಂತಿವೆ. ಜಗತ್ತು ಹಿಂದೆಂದೂ ಉರಿಸದಷ್ಟು ಕಲ್ಲಿದ್ದಲನ್ನು, 800 ಕೋಟಿ ಟನ್‌ಗಳಿಗೂ ಹೆಚ್ಚನ್ನು, ಉರಿಸಿದ್ದು ಅದೇ 2024ರಲ್ಲಿ. ಸೌದೆಯ ಮೇಲೆ ಕಲ್ಲಿದ್ದಲು, ಕಲ್ಲಿದ್ದಲಿನ ಮೇಲೆ ತೈಲ, ತೈಲದ ಮೇಲೆ ಅನಿಲ ಎಂದು ಪೇರಿಸುತ್ತಾ ಬಂದಿದ್ದೇವೆಯೇ ಹೊರತು ಹಳೆಯದನ್ನು ಕೆಳಗಿಳಿಸಿದ್ದು ತೀರಾ ಕಡಿಮೆ.

ಮೌನಾ ಲೋವಾದ ಅಳತೆ ಈಗಲೂ ನಡೆಯುತ್ತಿದೆ. 2022ರ ಕೊನೆಯಲ್ಲಿ ಲಾವಾ ಹರಿದು ಅಲ್ಲಿಗೆ ಹೋಗುವ ರಸ್ತೆ ಮುಚ್ಚಿದಾಗ ಪಕ್ಕದ ಮೌನಾ ಕೇಯಾ ಪರ್ವತದಿಂದ ಕೆಲಕಾಲ ಅಳೆದರು. 313ರಿಂದ ಶುರುವಾದ ಆ ಅಂಕಿ 2025ರ ಮೇ ತಿಂಗಳ ಸರಾಸರಿಯಲ್ಲಿ ಮೊದಲ ಬಾರಿಗೆ 430ನ್ನು ದಾಟಿತು.