ಕೆರೆಯ ನೀರನ್ನು ಬೆಳಗಿನ ಐದಕ್ಕೆ ಪರೀಕ್ಷಿಸಿ

ಕೆರೆಯಲ್ಲಿ ಮೀನು ಸತ್ತು ತೇಲಿದ ದಿನ ನನಗೆ ಬರುವ ಕರೆಗಳಲ್ಲಿ ಮೊದಲ ಪ್ರಶ್ನೆ ಒಂದೇ: ‘ವಿಷ ಹಾಕಿದವರು ಯಾರು?’ ವಿಷ ಬೆರೆಯುವ ಪ್ರಸಂಗಗಳು ಇಲ್ಲವೆಂದಲ್ಲ. ಆದರೆ ಬೇಸಿಗೆಯ ಕೊನೆಗೆ, ಮೊದಲ ಮಳೆ ಸುರಿದ ಮರುದಿನ ಕಾಟ್ಲಾ, ರೋಹು, ಮೃಗಾಲ್ ಮೀನುಗಳು ಏರಿಯುದ್ದಕ್ಕೂ ಹೊಟ್ಟೆ ಮೇಲಾಗಿ ಬಿದ್ದಿದ್ದರೆ ನಾನು ಮೊದಲು ಅನುಮಾನಿಸುವುದು ಆಮ್ಲಜನಕದ ಕೊರತೆಯನ್ನು.

25 ಡಿಗ್ರಿ ಸೆಲ್ಸಿಯಸ್ ಉಷ್ಣಾಂಶದಲ್ಲಿ ಒಂದು ಲೀಟರ್ ಸಿಹಿನೀರು ಗಾಳಿಯಿಂದ ಹೀರಿ ಇಟ್ಟುಕೊಳ್ಳುವ ಆಮ್ಲಜನಕ ಸುಮಾರು 8 ಮಿಲಿಗ್ರಾಂ ಮಾತ್ರ. ನೀರು ಕಾದಷ್ಟೂ ಅದು ಇಳಿಯುತ್ತದೆ. ಮೀನುಗಾರಿಕೆಗೆ ಕನಿಷ್ಠ 4 ಮಿಲಿಗ್ರಾಂ ಇರಬೇಕೆಂಬುದು ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿಯ ಮಾನದಂಡ. ಒಳಚರಂಡಿಯ ಸಾರಜನಕ, ರಂಜಕ ಉಂಡು ಕೊಬ್ಬಿದ ಕೆರೆಯಲ್ಲಿ ಪಾಚಿ ನೀರನ್ನೇ ಹಸಿರು ಗಂಜಿಯಂತೆ ಮಾಡಿರುತ್ತದೆ. ಹಗಲಿನಲ್ಲಿ ಅದು ಬಿಸಿಲು ಹೀರಿ ಆಮ್ಲಜನಕ ಬಿಡುತ್ತದೆ. ಮಧ್ಯಾಹ್ನ ಮೂರರ ಹೊತ್ತಿಗೆ ಮೇಲ್ಪದರದಲ್ಲಿ ಅಳತೆ 12, 15 ದಾಟುವುದೂ ಉಂಟು. ಕತ್ತಲಾದ ಮೇಲೆ ಅದೇ ಪಾಚಿಯೂ ಉಸಿರಾಡಬೇಕು, ಮೀನೂ ಉಸಿರಾಡಬೇಕು, ತಳದ ಹೂಳಿನಲ್ಲಿರುವ ಬ್ಯಾಕ್ಟೀರಿಯಾಗಳಿಗೂ ಪಾಲು ಬೇಕು. ಕೊಡುವವರು ಯಾರೂ ಇಲ್ಲ, ಎಲ್ಲರೂ ತೆಗೆದುಕೊಳ್ಳುವವರೇ. ಸೂರ್ಯ ಹುಟ್ಟುವ ಮುನ್ನ ಅಳತೆ ಒಂದಕ್ಕಿಂತ ಕೆಳಗಿಳಿಯುವುದೂ ಉಂಟು.

ಇಲ್ಲೇ ತನಿಖೆ ದಾರಿ ತಪ್ಪುತ್ತದೆ. ಸುದ್ದಿ ಹರಡಿ, ಸಿಬ್ಬಂದಿ ಬಂದು, ಬಾಟಲಿಯಲ್ಲಿ ನೀರು ತುಂಬುವಷ್ಟರಲ್ಲಿ ಗಂಟೆ ಹನ್ನೊಂದಾಗಿರುತ್ತದೆ. ಅಷ್ಟರಲ್ಲಿ ಪಾಚಿ ಮತ್ತೆ ಕೆಲಸಕ್ಕಿಳಿದಿರುತ್ತದೆ. ‘ಆಮ್ಲಜನಕ 6 ಮಿಲಿಗ್ರಾಂ, ತೃಪ್ತಿಕರ’ ಎಂಬ ವರದಿ ಕೈಗೆ ಬಂದಾಗ ಊರವರ ಅನುಮಾನ ಇನ್ನಷ್ಟು ಗಟ್ಟಿಯಾಗುತ್ತದೆ: ನೀರು ಚೆನ್ನಾಗಿದ್ದರೆ ಮೀನು ಸತ್ತದ್ದೇಕೆ? ವರದಿ ಸುಳ್ಳಲ್ಲ, ಅಳೆದ ಹೊತ್ತು ತಪ್ಪು. ಇಂಥ ಕೆರೆಗಳಲ್ಲಿ ಬೆಳಗಿನ ಐದರ ಅಳತೆ ಇಲ್ಲದ ವರದಿಯನ್ನು ನಾನು ಅರ್ಧ ವರದಿ ಎಂದೇ ಪರಿಗಣಿಸುತ್ತೇನೆ.

ಉಪಕರಣ ಇಲ್ಲದವರು ಸತ್ತ ಮೀನುಗಳನ್ನೇ ಗಮನಿಸಬಹುದು. ಆಮ್ಲಜನಕ ಕಡಿಮೆಯಾದಾಗ ಸಾಮಾನ್ಯವಾಗಿ ದೊಡ್ಡ ಮೀನುಗಳು ಮೊದಲು ಸಾಯುತ್ತವೆ. ಅದಕ್ಕೂ ಮುನ್ನ ನಸುಕಿನಲ್ಲಿ ಅವು ನೀರಿನ ಮೇಲ್ಮೈಗೆ ಬಂದು ಬಾಯಿ ತೆರೆದು ಮುಚ್ಚುತ್ತಿರುತ್ತವೆ. ಬಲೆ ಹಾಕುವವರು ಇದನ್ನು ನೋಡಿಯೇ ಇರುತ್ತಾರೆ, ಅವರನ್ನು ಕೇಳುವ ರೂಢಿ ಮಾತ್ರ ನಮಗಿಲ್ಲ. ಗಾಳಿಯನ್ನು ನೇರವಾಗಿ ಉಸಿರಾಡಬಲ್ಲ ಕೊರಮೀನು, ಕ್ಯಾಟ್‌ಫಿಶ್ ಬದುಕಿ ಉಳಿದಿದ್ದರೆ ಆಮ್ಲಜನಕದ ಕಡೆಗೇ ಬೆರಳು. ಅವೂ ಸತ್ತಿದ್ದರೆ, ಮರಿಗಳೂ ಒಟ್ಟಿಗೇ ಬಿದ್ದಿದ್ದರೆ, ಆಗ ವಿಷದ ಮಾತನ್ನು ಗಂಭೀರವಾಗಿ ತೆಗೆದುಕೊಳ್ಳಬೇಕು.

ಮೊದಲ ಮಳೆಯೇ ಏಕೆ? ಮೋಡ ಕವಿದು ಪಾಚಿಗೆ ಬಿಸಿಲು ಸಿಗುವುದಿಲ್ಲ. ರಾಜಕಾಲುವೆಯಲ್ಲಿ ತಿಂಗಳುಗಟ್ಟಲೆ ಕೊಳೆತದ್ದೆಲ್ಲ ಒಂದೇ ಸಲ ಕೆರೆಗೆ ನುಗ್ಗುತ್ತದೆ. ಬಿರುಗಾಳಿ ಮತ್ತು ತಣ್ಣನೆಯ ಮಳೆನೀರು ಸೇರಿ ತಳದ ನೀರನ್ನು ಮೇಲೆತ್ತುತ್ತವೆ. ಕೊಳೆತ ಮೊಟ್ಟೆಯ ವಾಸನೆಯ ಹೈಡ್ರೋಜನ್ ಸಲ್ಫೈಡ್ ಅದರೊಂದಿಗೇ ಬರುತ್ತದೆ. ಇನ್ನು ಅಮೋನಿಯಾದ ಹಾವಳಿ ಬಿಸಿಲಿನ ಹೊತ್ತಿನದು. ಪಾಚಿ ಹಗಲಿನಲ್ಲಿ ಇಂಗಾಲದ ಡೈಆಕ್ಸೈಡ್ ಹೀರಿದಂತೆ ನೀರಿನ ಪಿಎಚ್, ಅಂದರೆ ಆಮ್ಲ-ಕ್ಷಾರ ಗುಣದ ಅಳತೆ, ಏರುತ್ತದೆ. ಪಿಎಚ್ 7 ಇದ್ದಾಗ ಒಟ್ಟು ಅಮೋನಿಯಾದಲ್ಲಿ ಮೀನಿಗೆ ವಿಷವಾಗುವ ಪಾಲು ನೂರಕ್ಕೆ ಒಂದೂ ಇರುವುದಿಲ್ಲ. 9ಕ್ಕೆ ಏರಿದರೆ ಮೂರನೇ ಒಂದು ಭಾಗ ದಾಟುತ್ತದೆ. ಹಗಲಿಡೀ ಕಿವಿರು ಸುಟ್ಟುಕೊಂಡ ಮೀನಿಗೆ ರಾತ್ರಿ ಉಸಿರೂ ಸಿಗದಂತಾಗುತ್ತದೆ.

2016ರ ಮಾರ್ಚ್‌ನಲ್ಲಿ ಬೆಂಗಳೂರಿನ ಹಲಸೂರು ಕೆರೆಯಲ್ಲಿ ಸಾವಿರಾರು ಮೀನು ಸತ್ತಾಗಲೂ ಒಳಚರಂಡಿ ನೀರು ಮತ್ತು ಆಮ್ಲಜನಕದ ಕುಸಿತದ ಮಾತೇ ಮುನ್ನೆಲೆಗೆ ಬಂದಿತ್ತು. ಆದ್ದರಿಂದ ‘ವಿಷವಲ್ಲ’ ಎಂದು ಹೇಳಿದರೆ ಯಾರೂ ಹೊಣೆಯಲ್ಲ ಎಂದಾಗುವುದಿಲ್ಲ. ಕೆರೆಗೆ ಕೊಳಚೆ ಬಿಟ್ಟವರೇ ಹೊಣೆ. ಆದರೆ ಅದು ಒಂದು ರಾತ್ರಿಯ ಕೆಲಸವಲ್ಲ, ವರ್ಷಗಳದ್ದು.

ಕಾರಂಜಿ ಹಾಕಿಸೋಣವೇ ಎಂದು ಕೆರೆ ಸಮಿತಿಯವರು ಕೇಳುತ್ತಾರೆ. ಸಂಜೆ ಜನರಿಗೆ ತೋರಿಸಲು ಚಿಮ್ಮುವ ಕಾರಂಜಿಯಿಂದ ಮೀನಿಗೆ ಉಪಯೋಗ ಬಹಳ ಕಡಿಮೆ. ಓಡಿಸುವುದಾದರೆ ನಡುರಾತ್ರಿಯಿಂದ ಬೆಳಗಿನವರೆಗೆ ಓಡಿಸಿ. ಹಣವಿದ್ದರೆ ನೀರು ಬರುವ ಬಾಯಿಗೆ ಖರ್ಚು ಮಾಡಿ. ಬೆಂಗಳೂರಿನ ಜಕ್ಕೂರು ಕೆರೆಯಲ್ಲಿ ಸಂಸ್ಕರಿಸಿದ ಕೊಳಚೆ ನೀರು ಜೊಂಡು ಬೆಳೆದ ಜೌಗಿನ ಮೂಲಕ ಹಾದು ಕೆರೆ ಸೇರುವ ಏರ್ಪಾಡಿದೆ. ಸಂಸ್ಕರಣೆಯಲ್ಲಿ ಉಳಿದ ಪೋಷಕಾಂಶವನ್ನು ಒಂದಷ್ಟು ಜೊಂಡು ಹೀರುತ್ತದೆ. ಆ ಜೊಂಡನ್ನು ಕಾಲಕಾಲಕ್ಕೆ ಕೊಯ್ದು ಹೊರಗೆ ಸಾಗಿಸಬೇಕು, ಇಲ್ಲದಿದ್ದರೆ ಹೀರಿದ್ದೆಲ್ಲ ಕೊಳೆತು ಮತ್ತೆ ನೀರಿಗೇ. ಸತ್ತ ಮೀನನ್ನಂತೂ ಅಂದೇ ಎತ್ತಿ, ದಡದಿಂದ ದೂರ, ಸುಣ್ಣ ಹಾಕಿ ಹೂಳಿಸಿ. ನೀರಿನಲ್ಲೇ ಬಿಟ್ಟರೆ ಕೊಳೆಯುವಾಗ ಅದೂ ಆಮ್ಲಜನಕ ತಿನ್ನುತ್ತದೆ, ಮರುದಿನ ನಸುಕಿಗೆ ಉಳಿದ ಮೀನುಗಳ ಸರದಿ.