ಇಡೀ ಬಾನು ಹಸಿರಾಗುವ ಗ್ರಹ

ರಜೆಯಲ್ಲಿ ಮಲ್ಪೆ ಹತ್ತಿರದ ಪಡುಕೆರೆ ಕಡಲ ತೀರದಲ್ಲಿ ಕೂತಿದ್ದೆವು. ಏಳನೇ ಕ್ಲಾಸಿನ ತಂಗಿ ಮಗಳು ಚೀಲದಿಂದ ನೋಟ್‌ಬುಕ್ ತೆಗೆದು ನನ್ನ ಕೈಗಿಟ್ಟಳು. ಅದರಲ್ಲಿ ಅವಳೇ ಕಟ್ಟಿದ ಒಂದು ಗ್ರಹ. ಹೆಸರು ಮಿಣುಕ. ಅಲ್ಲಿ ರಾತ್ರಿ ಅಂದರೆ ಬರೀ ಕತ್ತಲೆ. ಆದರೆ ಎಷ್ಟೋ ವರ್ಷಕ್ಕೊಮ್ಮೆ ಆಕಾಶ ಈ ತುದಿಯಿಂದ ಆ ತುದಿಯವರೆಗೆ ಹಸಿರಾಗಿ ಹೊಳೆಯುತ್ತದೆ. ಆವತ್ತು ಊರಿಗೆ ಊರೇ ಅಂಗಳಕ್ಕೆ ಬಂದು ಕುಣಿಯುತ್ತದೆ. ಕಾಗದ ಹರಿಯುವಷ್ಟು ಹಸಿರು ಕ್ರೇಯಾನ್ ತಿಕ್ಕಿದ್ದಳು.

"ಮಾಮ, ಹೀಗೆಲ್ಲ ಆಗ್ಲಿಕ್ಕಿಲ್ಲ ಅಲ್ವಾ?" ಎಂದು ಕೇಳಿದಳು.

ಆಗುತ್ತದೆ. ಅದೂ ಅವಳು ಬಳಿದ ಬಣ್ಣದಲ್ಲೇ.

ಸೂರ್ಯನಿಂದ ಬರುವುದು ಬೆಳಕು, ಬಿಸಿ ಮಾತ್ರ ಅಲ್ಲ. ವಿದ್ಯುತ್ ತುಂಬಿದ ಕಣಗಳ ಗಾಳಿಯೊಂದು ಸದಾ ಬೀಸುತ್ತಿರುತ್ತದೆ, ಸೆಕೆಂಡಿಗೆ ಸುಮಾರು 400 ಕಿ.ಮೀ. ವೇಗದಲ್ಲಿ. ಸೂರ್ಯ ಸಿಡಿದಾಗ ಅದು ಬಿರುಗಾಳಿಯಾಗುತ್ತದೆ. ಈ ಕಣಗಳು ಒಂದು ಗ್ರಹದ ಮೇಲುಗಾಳಿಗೆ ನುಗ್ಗಿ ಅಲ್ಲಿನ ಅಣುಗಳಿಗೆ ಬಡಿಯುತ್ತವೆ. ಚೆಂಡೆಗೆ ಯಾರೇ ಕೋಲು ಹಾಕಲಿ, ಕೇಳುವುದು ಚೆಂಡೆಯ ಸ್ವರವೇ, ಮದ್ದಳೆಯದ್ದಲ್ಲ. ಹಾಗೆಯೇ ಪೆಟ್ಟು ತಿಂದ ಪರಮಾಣುವೂ ತನ್ನದೇ ಬಣ್ಣ ಬಿಡುತ್ತದೆ. ಆಕಾಶದಲ್ಲಿ ಹೀಗೆ ಹೊಳೆಯುವ ಬೆಳಕೇ ಧ್ರುವಪ್ರಭೆ. ಆಮ್ಲಜನಕಕ್ಕೆ ಮುಖ್ಯವಾಗಿ ಎರಡು ಬಣ್ಣ. ಬೆಳಕಿನ ಅಲೆಯ ಉದ್ದದಲ್ಲಿ ಹೇಳುವುದಾದರೆ 557.7 ನ್ಯಾನೋಮೀಟರಿನ ಹಸಿರು, 630 ನ್ಯಾನೋಮೀಟರಿನ ಕೆಂಪು.

ನನಗೆ ತುಂಬ ಇಷ್ಟವಾದ ಸಂಗತಿ ಇದರ ಒಳಗಿದೆ. ಹಸಿರು ಬೆಳಕು ಬಿಡಲು ಆ ಪರಮಾಣುವಿಗೆ ಒಂದು ಸೆಕೆಂಡೂ ಬೇಡ. ಕೆಂಪಿಗೆ ಮಾತ್ರ ಎರಡು ನಿಮಿಷದ ಹತ್ತಿರ ಬೇಕು, ಅದೂ ಯಾರೂ ಮೈಗೆ ತಾಗದೆ. ಉಡುಪಿಯ ಪರ್ಯಾಯ ಉತ್ಸವದ ರಾತ್ರಿ ರಥಬೀದಿಯಲ್ಲಿ ಎರಡು ನಿಮಿಷ ಯಾರ ಮೈಯೂ ತಾಗದೆ ನಿಲ್ಲಲು ಆಗುತ್ತದಾ? ಕೆಳಗಿನ ಗಾಳಿಯೂ ಹಾಗೆಯೇ, ಜಾಸ್ತಿ ನೂಕುನುಗ್ಗಲು. ಅಲ್ಲಿ ಆ ಶಕ್ತಿ ಬೆಳಕಾಗುವ ಮೊದಲೇ ಡಿಕ್ಕಿಯಲ್ಲಿ ಹೋಗಿಬಿಡುತ್ತದೆ. ಅದಕ್ಕೇ ನಮ್ಮ ಭೂಮಿಯ ಮೇಲೆ ನೂರು ಕಿ.ಮೀ. ಆಸುಪಾಸಿನಲ್ಲಿ ಹಸಿರು, ಇನ್ನೂರು ದಾಟಿದ ಮೇಲೆ ಕೆಂಪು.

ಹಾಗಾದರೆ ಮಲ್ಪೆಯಲ್ಲಿ ಯಾಕೆ ಕಾಣುವುದಿಲ್ಲ? ಭೂಮಿಗೆ ಕಾಂತದ ಬೇಲಿ ಇದೆ. ಅದು ಕಣಗಳನ್ನು ಧ್ರುವಗಳ ಕಡೆಗೆ ತಿರುಗಿಸುತ್ತದೆ. ನಾವಿರುವುದು ಕಾಂತೀಯ ಸಮಭಾಜಕದ ಹತ್ತಿರ, ಬೇಲಿ ಗಟ್ಟಿಯಾಗಿರುವ ಕಡೆ. 2024ರ ಮೇ 10ರ ರಾತ್ರಿ ದೊಡ್ಡ ಸೌರ ಬಿರುಗಾಳಿ ಬಂದಾಗ ಲಡಾಖಿನ ಹಾನ್ಲೆಯವರಿಗೆ ಕಂಡದ್ದೂ ಕೆಂಪು ಮಾತ್ರ. ಹಸಿರು ಇದ್ದದ್ದು ದೂರದ ಉತ್ತರದಲ್ಲಿ, ದಿಗಂತದ ಕೆಳಗೆ. ಎತ್ತರದ ಕೆಂಪಷ್ಟೇ ಇಣುಕಿತು.

ಆದ್ದರಿಂದ ಮಿಣುಕದ ಇಡೀ ಬಾನು ಹಸಿರಾಗಬೇಕಾದರೆ ಮೊದಲು ಆ ಬೇಲಿ ಕೀಳಬೇಕು. ಹುಡುಗಿ ಪೆನ್ಸಿಲ್ ತೆಗೆದು "ಬೇಲಿ ಇಲ್ಲ" ಎಂದು ಬದಿಯಲ್ಲಿ ಬರೆದುಕೊಂಡಳು.

ಬೇಲಿ ಇಲ್ಲದ ಅಂಥ ಗ್ರಹ ನಮ್ಮ ಪಕ್ಕದಲ್ಲೇ ಇದೆ. ಮಂಗಳ. ಅದರ ಕಾಂತಕ್ಷೇತ್ರ ಸುಮಾರು 400 ಕೋಟಿ ವರ್ಷಗಳ ಹಿಂದೆಯೇ ಆರಿಹೋಯಿತು. ಅಲ್ಲಲ್ಲಿ ಬಂಡೆಗಳಲ್ಲಿ ಉಳಿದ ತುಣುಕುಗಳಷ್ಟೇ ಈಗಿವೆ. 2017ರ ಸೆಪ್ಟೆಂಬರ್‌ನಲ್ಲಿ ಸೌರ ಬಿರುಗಾಳಿ ಬಡಿದಾಗ ಆ ಗ್ರಹಕ್ಕೆ ಗ್ರಹವೇ ಹೊಳೆಯಿತು. ಅದು ಕಣ್ಣಿಗೆ ಕಾಣದ ಅತಿನೇರಳೆ ಬೆಳಕು, ನೋಡಿದ್ದು ಮಂಗಳವನ್ನು ಸುತ್ತುತ್ತಿದ್ದ ಮೇವನ್ ನೌಕೆ. ಆದರೆ 2024ರ ಮಾರ್ಚ್ 18ರಂದು ಪರ್ಸಿವರೆನ್ಸ್ ರೋವರ್ ಮಂಗಳದ ನೆಲದಲ್ಲೇ ನಿಂತು ರಾತ್ರಿಯ ಆಕಾಶದತ್ತ ಕ್ಯಾಮೆರಾ ತಿರುಗಿಸಿತು. ಮೂರು ದಿನ ಮೊದಲು ಸೂರ್ಯ ಸಿಡಿದದ್ದನ್ನು ನೋಡಿ ವಿಜ್ಞಾನಿಗಳು ಕಾದು ಕೂತಿದ್ದರು. ಸಿಕ್ಕಿದ್ದು ಮಂದ ಹಸಿರು, 557.7 ನ್ಯಾನೋಮೀಟರ್. ನಮ್ಮ ಆಮ್ಲಜನಕದ ಅದೇ ಹಸಿರು! ಭೂಮಿ ಬಿಟ್ಟು ಬೇರೆ ಗ್ರಹದ ನೆಲದಿಂದ ಧ್ರುವಪ್ರಭೆಯನ್ನು ಕಂಡದ್ದು ಅದೇ ಮೊದಲು. ಅಲ್ಲಿ ಧ್ರುವವೇ ಬೇಕಿಲ್ಲ ಅನ್ನುವುದು ಬೇರೆ ಮಾತು. ಮಂಗಳದ ಗಾಳಿ ಬಹುಪಾಲು ಇಂಗಾಲದ ಡೈಆಕ್ಸೈಡ್. ಅದು ಒಡೆದಾಗ ಆಮ್ಲಜನಕ ಸಿಗುತ್ತದೆ. ಆವತ್ತು ಧೂಳು ಬೆಳಕನ್ನು ಮಂಕು ಮಾಡಿತ್ತು. ಗಾಳಿ ತಿಳಿಯಾಗಿದ್ದು ಬಿರುಗಾಳಿ ಇನ್ನೂ ಜೋರಾಗಿದ್ದರೆ ಮನುಷ್ಯರ ಕಣ್ಣಿಗೇ ಕಾಣಬಹುದು.

ಅವಳ ಮುಖ ಅರಳಿತು. ಒಂದು ವಿಷಯ ಮಾತ್ರ ಹೇಳದೆ ಇರಲಾಗಲಿಲ್ಲ. ಬಾನನ್ನು ಬೆಳಗಿಸುವ ಬಿರುಗಾಳಿಯೇ ನೆಲಕ್ಕೆ ವಿಕಿರಣವನ್ನೂ ತರುತ್ತದೆ. 2017ರ ಆ ಸಲ ಕ್ಯೂರಿಯಾಸಿಟಿ ರೋವರ್ ನೆಲದಲ್ಲಿ ಅಳೆದದ್ದು ಅದು ಅಲ್ಲಿಯವರೆಗೆ ಕಂಡದ್ದರ ಎರಡು ಪಟ್ಟಿಗಿಂತ ಜಾಸ್ತಿ. ಅಂಥ ರಾತ್ರಿ ಮಿಣುಕದವರು ಅಂಗಳದಲ್ಲಿ ಕುಣಿಯುವ ಹಾಗಿಲ್ಲ. ಒಳಗೆ ಅಡಗಬೇಕು.

ಅವಳು ತುಂಬ ಹೊತ್ತು ಸುಮ್ಮನಿದ್ದಳು. ದೋಣಿಗಳ ದೀಪ ಒಂದೊಂದಾಗಿ ಹೊತ್ತಿಕೊಳ್ಳುತ್ತಿತ್ತು.

"ನೀರು ತಡೀತದಾ?"

ತಡೆಯುತ್ತದೆ, ಚೆನ್ನಾಗಿಯೇ ತಡೆಯುತ್ತದೆ ಎಂದೆ. ಆಳ ಬೇಕು ಅಷ್ಟೆ.

ಕುಣಿಯುವ ಜನರನ್ನೆಲ್ಲ ರಬ್ಬರಿನಿಂದ ಅಳಿಸಿದಳು. ಅದೇ ಜಾಗದಲ್ಲಿ ದೊಡ್ಡ ಕೆರೆ ಬರೆದಳು. ಕೆರೆಯ ತಳದಲ್ಲಿ ಗಾಜಿನ ಮನೆ, ಅದರೊಳಗೆ ಸಾಲಾಗಿ ಕೂತ ಮಕ್ಕಳು, ಎಲ್ಲರ ಮುಖವೂ ಮೇಲಕ್ಕೆ. ಆಮೇಲೆ ಮೊಂಡಾದ ಹಸಿರು ಕ್ರೇಯಾನ್ ಹುಡುಕಿ, ನೀರಿಗೂ ಅದನ್ನೇ ಬಳಿಯತೊಡಗಿದಳು.