ಕಿಮೋ ಶುರುವಾದ ಮೇಲೆ ಪಾದ ಜುಮ್ಮೆನ್ನುತ್ತಿದೆ, ಹೇಳಬೇಕೋ ಬೇಡವೋ?

ಪ್ರಶ್ನೆ: ನಮ್ಮ ತಂದೆಗೆ ಲ್ಯುಕೇಮಿಯಾ, ಅಂದರೆ ರಕ್ತದ ಕ್ಯಾನ್ಸರ್. ಕಿಮೋ ಶುರುವಾಗಿ ಐದು ವಾರವಾಯಿತು. ಈಗ ಎರಡೂ ಪಾದ ಜುಮ್ಮೆನ್ನುತ್ತಿವೆ. ಚಪ್ಪಲಿ ಜಾರಿ ಹಿಂದೆ ಉಳಿದರೂ ಅವರಿಗೆ ಗೊತ್ತಾಗುವುದಿಲ್ಲ. ಅಂಗಿಯ ಗುಂಡಿ ಹಾಕಲೂ ಕಷ್ಟ. ಕಾಯಿಲೆ ಮೆದುಳಿಗೆ ಹೋಯಿತೇ? ಡಾಕ್ಟರಿಗೆ ಹೇಳಿದರೆ ಔಷಧಿ ನಿಲ್ಲಿಸಿಬಿಡುತ್ತಾರೆ ಅಂತ ತಂದೆ ಬಾಯಿ ಬಿಡುತ್ತಿಲ್ಲ.

ಉತ್ತರ: ನಿಮ್ಮ ಕೊನೆಯ ಮಾತಿನಿಂದಲೇ ಶುರುಮಾಡುತ್ತೇನೆ. ಹೇಳಿ. ಮುಂದಿನ ಡೋಸ್ ಕೊಡುವ ಮೊದಲೇ ಹೇಳಿ. ಹೇಳಿದ ಕೂಡಲೇ ಔಷಧಿ ನಿಂತುಹೋಗುವುದಿಲ್ಲ. ಡೋಸ್ ಕಡಿಮೆ ಮಾಡಬಹುದು, ಒಂದು ಸಲ ಬಿಡಬಹುದು, ಇಲ್ಲವೇ ನೋಡಿಕೊಂಡು ಮುಂದುವರಿಸಬಹುದು. ಮುಚ್ಚಿಟ್ಟು ಕಾಲೇ ಎತ್ತಲಾಗದ ಹಂತಕ್ಕೆ ಬಂದಾಗಲೇ ಔಷಧಿ ನಿಲ್ಲಿಸುವ ಪ್ರಸಂಗ ಜಾಸ್ತಿ.

ಇನ್ನು ಮೆದುಳಿನ ಭಯ. ಲ್ಯುಕೇಮಿಯಾ ಜೀವಕೋಶಗಳು ಮೆದುಳು ಮತ್ತು ಬೆನ್ನುಹುರಿಯ ಸುತ್ತಲಿನ ದ್ರವಕ್ಕೆ ಹೋಗಬಲ್ಲವು, ನಿಜ. ಬೆನ್ನಿಗೆ ಇಂಜೆಕ್ಷನ್ ಕೊಡುವುದು ಅದಕ್ಕೇ. ಆದರೆ ಎರಡೂ ಪಾದ ಒಟ್ಟಿಗೆ, ತುದಿಯಿಂದ ಶುರುವಾಗಿ, ಆಮೇಲೆ ಬೆರಳುಗಳಿಗೆ ಬಂದಿದ್ದರೆ ಮೊದಲು ಅನುಮಾನ ಬರುವುದು ಔಷಧಿಯ ಮೇಲೆ. ಕಿಮೋ ಚೀಟಿಯಲ್ಲಿ ವಿನ್‌ಕ್ರಿಸ್ಟೀನ್ ಎಂಬ ಹೆಸರಿದೆಯೇ ನೋಡಿ.

ಈ ಔಷಧಿ ಸಿಕ್ಕಿದ್ದು ನಿತ್ಯಪುಷ್ಪದ ಗಿಡದಿಂದ. (ಹಾಗಂತ ಅದರ ಎಲೆಯ ಕಷಾಯ ಕುಡಿಸಬೇಡಿ. ಅದು ವಿಷದ ಗಿಡ.) ಜೀವಕೋಶ ಎರಡಾಗುವಾಗ ಒಳಗೆ ಸಣ್ಣ ಕೊಳವೆಗಳು ಹುಟ್ಟಬೇಕು. ವಿನ್‌ಕ್ರಿಸ್ಟೀನ್ ಅವನ್ನು ಕಟ್ಟಲು ಬಿಡುವುದಿಲ್ಲ. ಕ್ಯಾನ್ಸರ್ ಕೋಶ ಅರ್ಧದಲ್ಲೇ ಸಿಕ್ಕಿಬಿದ್ದು ಸಾಯುತ್ತದೆ. ನರಕೋಶ ಎರಡಾಗುವುದೇ ಇಲ್ಲ, ಅದಕ್ಕೇನು ತೊಂದರೆ ಅನ್ನಿಸುತ್ತದೆ ಅಲ್ವಾ? ತೊಂದರೆ ಇರುವುದು ಸಾಗಣೆಯಲ್ಲಿ. ಬೆನ್ನಿನ ಹತ್ತಿರವಿರುವ ನರಕೋಶದಿಂದ ಕಾಲ್ಬೆರಳಿನವರೆಗೆ ಸುಮಾರು ಒಂದು ಮೀಟರ್ ದಾರಿ. ಬೇಕಾದ ಸಾಮಾನೆಲ್ಲ ಅಂಥದೇ ಕೊಳವೆಗಳ ಮೇಲೆ ಹೋಗಬೇಕು. ದಾರಿ ಕೆಟ್ಟರೆ ಎಲ್ಲಕ್ಕಿಂತ ದೂರದ ತುದಿಯೇ ಮೊದಲು ಬಳಲುತ್ತದೆ. ಅದಕ್ಕೇ ಪಾದ ಮೊದಲು, ಕೈ ಆಮೇಲೆ.

ಕರುಳಿನ ನರಗಳಿಗೂ ಇದೇ ಗತಿ. ಮಲ ಕಟ್ಟಿಕೊಳ್ಳುವುದು ಎಷ್ಟೋ ಸಲ ಜುಮ್ಮೆನ್ನುವುದಕ್ಕಿಂತ ಮುಂಚೆ ಬರುತ್ತದೆ. ನಾಚಿಕೆಪಟ್ಟು ಯಾರೂ ಹೇಳುವುದಿಲ್ಲ. ಕೆಲವರಿಗೆ ಇಂಜೆಕ್ಷನ್ ಆದ ಒಂದೆರಡು ದಿನದಲ್ಲಿ ದವಡೆ ನೋವು ಬರುತ್ತದೆ. ಹಲ್ಲು ನೋವೆಂದು ತಿಳಿದು ಹಲ್ಲಿನ ಡಾಕ್ಟರ ಹತ್ತಿರ ಓಡುವವರೂ ಇದ್ದಾರೆ.

ಇನ್ನೊಂದು ವಿಷಯ ಕೇಳಿ ತಿಳಿದುಕೊಳ್ಳಿ: ಫಂಗಸ್ ಸೋಂಕಿಗೆ ಮಾತ್ರೆ ಕೊಟ್ಟಿದ್ದಾರೆಯೇ? ಇಟ್ರಾಕೊನಜೋಲ್, ವೊರಿಕೊನಜೋಲ್, ಪೊಸಕೊನಜೋಲ್ ಜೊತೆಗಿದ್ದರೆ ವಿನ್‌ಕ್ರಿಸ್ಟೀನ್ ದೇಹದಿಂದ ಬೇಗ ಹೊರಗೆ ಹೋಗುವುದಿಲ್ಲ, ನರಕ್ಕೆ ಬೀಳುವ ಪೆಟ್ಟು ಜೋರಾಗುತ್ತದೆ. ಹುಟ್ಟಿನಿಂದ ಬರುವ ನರದ ಕಾಯಿಲೆ ಮನೆತನದಲ್ಲಿದ್ದರೆ ಅದನ್ನೂ ಹೇಳಿ.

ಜುಮ್ಮೆನ್ನುವುದು ನಿಧಾನವಾಗಿ ಬರುವ ತೊಂದರೆ. ಲ್ಯುಕೇಮಿಯಾಗೆ ಕೊಡುವ ಬೇರೆ ಕಿಮೋ ಔಷಧಿಗಳಿಂದ ದಿಢೀರನೆ ಬರುವ ತೊಂದರೆಗಳೂ ಇವೆ. ಅವುಗಳಿಗೆ ಮುಂದಿನ ಭೇಟಿಯವರೆಗೆ ಕಾಯುವ ಹಾಗಿಲ್ಲ. ಸೈಟರಬೀನ್ ಅನ್ನು ದೊಡ್ಡ ಡೋಸ್‌ನಲ್ಲಿ ಕೊಟ್ಟಾಗ ಕಿರುಮೆದುಳಿಗೆ ಏಟು ಬೀಳಬಹುದು: ಮಾತು ತೊದಲುತ್ತದೆ, ನಡಿಗೆ ತೂರಾಡುತ್ತದೆ. ವಯಸ್ಸಾದವರಲ್ಲಿ, ಕಿಡ್ನಿ ಸೊರಗಿದವರಲ್ಲಿ ಇದು ಜಾಸ್ತಿ. ಅದಕ್ಕೇ ಹಲವು ವಾರ್ಡುಗಳಲ್ಲಿ ಪ್ರತಿ ಡೋಸ್‌ಗೆ ಮೊದಲು ನರ್ಸ್ ರೋಗಿಯಿಂದ ಸಹಿ ಹಾಕಿಸಿ ಹಿಂದಿನ ಸಹಿಗೆ ಹೋಲಿಸಿ ನೋಡುತ್ತಾರೆ. ಅಕ್ಷರ ಸೊಟ್ಟಗಾದರೆ ಡೋಸ್ ನಿಲ್ಲಿಸುತ್ತಾರೆ. ಕಾಗದ, ಪೆನ್ನಿನ ಈ ಪರೀಕ್ಷೆ ನನಗಂತೂ ಬಹಳ ಇಷ್ಟ. ಮೆಥೊಟ್ರೆಕ್ಸೇಟ್ ಕೊಟ್ಟ ಒಂದೆರಡು ವಾರದೊಳಗೆ ಕೆಲವರಿಗೆ ಲಕ್ವ ಹೊಡೆದ ಹಾಗೆ ಒಂದು ಪಕ್ಕ ಬಲ ಹೋಗುತ್ತದೆ, ಮಾತು ನಿಲ್ಲುತ್ತದೆ. ಹೆಚ್ಚಿನವರಲ್ಲಿ ಕೆಲವೇ ದಿನಗಳಲ್ಲಿ ಸರಿಹೋಗುತ್ತದೆ, ಆದರೂ ಆಗಲೇ ಆಸ್ಪತ್ರೆಗೆ ಹೋಗಬೇಕು. ಆಸ್ಪರಾಜಿನೇಸ್ ಪಡೆದವರಿಗೆ ಬಿಡದ ತಲೆನೋವು ಬಂದರೆ ಮೆದುಳಿನ ರಕ್ತನಾಳದಲ್ಲಿ ಹೆಪ್ಪುಗಟ್ಟಿದೆಯೇ ಅಂತ ನೋಡಬೇಕಾಗುತ್ತದೆ. ಫಿಟ್ಸ್, ಗೊಂದಲ, ದೃಷ್ಟಿ ಮಂಜಾಗುವುದು ಕಂಡರೂ ಅಷ್ಟೇ, ತಡಮಾಡಬೇಡಿ.

‘ನರಕ್ಕೆ ಒಳ್ಳೆಯದು’ ಅಂತ ಸುಮ್ನೆ ವಿಟಮಿನ್ ಮಾತ್ರೆ ನುಂಗಿಸಬೇಡಿ. ಬಿ6 ಜಾಸ್ತಿಯಾದರೆ ಅದೇ ನರವನ್ನು ಕೆಡಿಸುತ್ತದೆ. ಬಿ-ಕಾಂಪ್ಲೆಕ್ಸ್‌ನಲ್ಲಿರುವ ಫೋಲಿಕ್ ಆಸಿಡ್ ಮೆಥೊಟ್ರೆಕ್ಸೇಟ್ ಕೆಲಸಕ್ಕೆ ಅಡ್ಡ ಬರಬಹುದು. ನೋವು, ಉರಿ ಜೋರಾಗಿದ್ದರೆ ಅದಕ್ಕೆಂದೇ ಔಷಧಿಗಳಿವೆ, ಡಾಕ್ಟರನ್ನೇ ಕೇಳಿ.

ಸರಿಹೋಗುತ್ತದೆಯೇ? ಬಹುಪಾಲು ಜನರಿಗೆ ಕಡಿಮೆಯಾಗುತ್ತದೆ, ಆದರೆ ವಾರಗಳ ಲೆಕ್ಕದಲ್ಲಲ್ಲ, ತಿಂಗಳುಗಳ ಲೆಕ್ಕದಲ್ಲಿ. ಔಷಧಿ ನಿಂತ ಮೇಲೂ ಕೆಲವು ವಾರ ಹೆಚ್ಚಾಗಿ ಆಮೇಲೆ ಇಳಿಯುವುದುಂಟು. ಕೆಲವರಿಗೆ ಸ್ವಲ್ಪ ಮರಗಟ್ಟುವಿಕೆ ಉಳಿದೇಬಿಡುತ್ತದೆ.

ಅಲ್ಲಿಯವರೆಗೆ ಹಿಮ್ಮಡಿಗೆ ಪಟ್ಟಿಯಿರುವ ಚಪ್ಪಲಿ ಕೊಡಿಸಿ. ಬಿಸಿನೀರಿಗೆ ಮೊದಲು ನೀವು ಕೈ ಹಾಕಿ ನೋಡಿ. ರಾತ್ರಿ ಬಚ್ಚಲಿಗೆ ಹೋಗುವ ದಾರಿಯಲ್ಲಿ ದೀಪ ಉರಿಯುತ್ತಿರಲಿ. ಪ್ಲೇಟ್‌ಲೆಟ್ (ರಕ್ತ ಹೆಪ್ಪುಗಟ್ಟಲು ಬೇಕಾದ ಕಣಗಳು) ಇಳಿದಿರುವಾಗ ಸುಮ್ಮನೆ ಒಮ್ಮೆ ಬಿದ್ದರೂ ತಲೆಯೊಳಗೆ ರಕ್ತಸ್ರಾವವಾಗಬಹುದು.